ಸ್ಲೋ ಕುಕ್ಕರಿನ ಪುಲ್ಡ್ ಪೋರ್ಕ್: ಬೆಂದ ಮಾಂಸ ಮೃದುವಾಗಲು ಇನ್ನೂ ಮೂರ್ನಾಲ್ಕು ಗಂಟೆ ಏಕೆ ಬೇಕು?

ಹಂದಿಯ ಭುಜದ ಎರಡು ಕಿಲೋ ತೂಕದ ಇಡೀ ತುಂಡೊಂದನ್ನು ಸ್ಲೋ ಕುಕ್ಕರಿನಲ್ಲಿ, ಅಂದರೆ ಸಣ್ಣ ಶಾಖದಲ್ಲಿ ಗಂಟೆಗಟ್ಟಲೆ ಬೇಯಿಸುವ ವಿದ್ಯುತ್ ಪಾತ್ರೆಯಲ್ಲಿಟ್ಟು, ಕೆಲವು ಗಂಟೆಗಳ ನಂತರ ಅದರ ನಡುಭಾಗಕ್ಕೆ ಅಡುಗೆಯ ಥರ್ಮಾಮೀಟರ್ ಚುಚ್ಚಿದರೆ ಅದು 75 ಡಿಗ್ರಿಯ ಆಸುಪಾಸು ತೋರಿಸಬಹುದು. ರೋಗಾಣುಗಳ ಲೆಕ್ಕದಲ್ಲಿ ಆ ಮಾಂಸ ಆಗಲೇ ಬೆಂದಿದೆ, ತಿನ್ನಲು ಯೋಗ್ಯವಾಗಿದೆ. ಆದರೆ ಎರಡು ಫೋರ್ಕ್ ಹಿಡಿದು ಎಳೆದರೆ ಅದು ಬಿಡಿಸಿಕೊಳ್ಳುವುದಿಲ್ಲ, ಬಾಯಿಗಿಟ್ಟರೆ ಅಗಿಯುವುದೇ ಒಂದು ಕೆಲಸವಾಗುತ್ತದೆ. ಅದನ್ನೇ ಮುಚ್ಚಳ ತೆಗೆಯದೆ ಇನ್ನೂ ಮೂರ್ನಾಲ್ಕು ಗಂಟೆ ಬಿಟ್ಟರೆ, ಮುಟ್ಟಿದರೆ ಸಾಕು ಎಳೆ ಎಳೆಯಾಗಿ ಬಿಚ್ಚಿಕೊಳ್ಳುವಷ್ಟು ಮೆತ್ತಗಾಗುತ್ತದೆ. ಹೆಚ್ಚು ಹೊತ್ತು ಬೇಯಿಸಿದರೆ ಮಾಂಸ ಒಣಗಿ ಗಟ್ಟಿಯಾಗಬೇಕಲ್ಲವೇ, ಇಲ್ಲಿ ತಿರುವುಮುರುವಾಗಿದ್ದೇಕೆ ಎಂಬುದು ಈ ತಿನಿಸನ್ನು ಮೊದಲ ಸಲ ಮಾಡುವವರೆಲ್ಲರಿಗೂ ಬರುವ ಪ್ರಶ್ನೆ.

ಅಮೆರಿಕಕ್ಕೋ ಇಂಗ್ಲೆಂಡಿಗೋ ಹೋಗಿ ನೆಲೆಸಿದ ಕನ್ನಡಿಗರು ಸ್ಲೋ ಕುಕ್ಕರನ್ನು ಅಲ್ಲಿನ ಅಡುಗೆಮನೆಗಳಲ್ಲಿ ಮೊದಲು ಕಾಣುತ್ತಾರೆ. ಈಗ ಅದು ಇಲ್ಲಿಯೂ ಆನ್‌ಲೈನ್ ಮಳಿಗೆಗಳಲ್ಲಿ ದೊರೆಯುತ್ತದೆ, ಬೆಂಗಳೂರಿನ ಹೋಟೆಲುಗಳ ಮೆನುವಿನಲ್ಲಿ ಪುಲ್ಡ್ ಪೋರ್ಕ್ ಬರ್ಗರ್ ಕಾಣಸಿಗುತ್ತದೆ. ಉಪಕರಣದ ಜೊತೆಗೆ ಬರುವ ಕೈಪಿಡಿ ‘ಲೋ ಎಂಬ ಗುರುತಿನಲ್ಲಿ ಎಂಟರಿಂದ ಹತ್ತು ಗಂಟೆ’ ಎಂದು ಹೇಳಿ ಮುಗಿಸುತ್ತದೆ, ಕಾರಣ ಹೇಳುವುದಿಲ್ಲ. ಕಾರಣ ತಿಳಿದರೆ ಯಾವ ಭಾಗದ ಮಾಂಸ ತರಬೇಕು, ನೀರು ಎಷ್ಟು ಹಾಕಬೇಕು, ಮುಚ್ಚಳವನ್ನು ಏಕೆ ತೆಗೆಯಬಾರದು ಎಂಬುದೆಲ್ಲ ಪಾಕವಿಧಾನದ ನೆರವಿಲ್ಲದೆಯೇ ಹೊಳೆಯುತ್ತದೆ. ಮುಂದೆ ಬರುವ ಡಿಗ್ರಿಗಳೆಲ್ಲ ಸೆಲ್ಸಿಯಸ್ ಲೆಕ್ಕದವು.

ಈ ತಿನಿಸು ಎಲ್ಲಿಯದು

ಪುಲ್ಡ್ ಪೋರ್ಕ್ ಎಂದರೆ ನಿಧಾನವಾಗಿ ಬಹಳ ಹೊತ್ತು ಬೇಯಿಸಿ, ನಂತರ ಕೈಯಿಂದಲೋ ಫೋರ್ಕಿನಿಂದಲೋ ಎಳೆ ಎಳೆಯಾಗಿ ಬಿಡಿಸಿದ ಹಂದಿಮಾಂಸ. ಇದರ ತವರು ಅಮೆರಿಕದ ದಕ್ಷಿಣದ ರಾಜ್ಯಗಳು, ಅದರಲ್ಲೂ ಉತ್ತರ ಮತ್ತು ದಕ್ಷಿಣ ಕ್ಯಾರೊಲಿನಾ, ಟೆನೆಸ್ಸೀ. ಸ್ಪೇನಿನ ಹೆರ್ನಾಂಡೊ ಡಿ ಸೋಟೊ 1539ರಲ್ಲಿ ಫ್ಲಾರಿಡಾಕ್ಕೆ ಬಂದಿಳಿದಾಗ ತನ್ನ ದಂಡಿನೊಡನೆ ಹಂದಿಗಳನ್ನೂ ತಂದಿದ್ದ. ಆ ಸೀಮೆಯ ಕಾಡುಗಳಲ್ಲಿ ಹಂದಿಗಳು ಸುಲಭವಾಗಿ ಬೆಳೆದು ಹೆಚ್ಚಿದ್ದರಿಂದ, ಮುಂದಿನ ಶತಮಾನಗಳಲ್ಲಿ ಹಂದಿಮಾಂಸವೇ ದಕ್ಷಿಣದವರ ಮುಖ್ಯ ಮಾಂಸಾಹಾರವಾಯಿತು. ಕಟ್ಟಿಗೆಯ ಕೆಂಡದ ಮೇಲೆ, ಉರಿ ತಾಗದಷ್ಟು ಎತ್ತರದಲ್ಲಿ, ಹೊಗೆಯಲ್ಲಿ ರಾತ್ರಿಯಿಡೀ ಬೇಯಿಸುವ ಆ ಪದ್ಧತಿಗೆ ಅಲ್ಲಿ ಬಾರ್ಬೆಕ್ಯೂ ಎನ್ನುತ್ತಾರೆ. ಅದರಲ್ಲಿ ನುರಿತವರು ಬಹುಕಾಲ ಗುಲಾಮರಾಗಿದ್ದ ಆಫ್ರಿಕನ್ ಮೂಲದ ಅಡುಗೆಯವರು.

ಊರಿಗೊಂದು ಸಾಸ್ ಇದೆ. ಉತ್ತರ ಕ್ಯಾರೊಲಿನಾದ ಪೂರ್ವಭಾಗದವರು ಇಡೀ ಹಂದಿಯನ್ನೇ ಬೇಯಿಸಿ ವಿನೆಗರ್, ಮೆಣಸಿನಕಾಯಿ ಚೂರು ಮತ್ತು ಉಪ್ಪಿನ ತೆಳು ಸಾಸ್ ಹಾಕುತ್ತಾರೆ. ಅದೇ ರಾಜ್ಯದ ಲೆಕ್ಸಿಂಗ್ಟನ್ ಕಡೆಯವರು ಭುಜದ ಭಾಗವನ್ನು ಮಾತ್ರ ಬಳಸಿ, ವಿನೆಗರಿಗೆ ಸ್ವಲ್ಪ ಟೊಮೇಟೊ ಕೆಚಪ್ ಬೆರೆಸುತ್ತಾರೆ. ದಕ್ಷಿಣ ಕ್ಯಾರೊಲಿನಾದ ನಡುಭಾಗದಲ್ಲಿ ಸಾಸಿವೆಯ ಹಳದಿ ಸಾಸ್ ಬಳಕೆಯಲ್ಲಿದೆ, ಅದನ್ನು ಅಲ್ಲಿ ನೆಲೆಸಿದ ಜರ್ಮನ್ ವಲಸಿಗರ ಕೊಡುಗೆ ಎನ್ನುತ್ತಾರೆ. ಹೊಗೆಯೇ ಇಲ್ಲದ ಸ್ಲೋ ಕುಕ್ಕರಿನ ಮಾಂಸವನ್ನು ಈ ಸೀಮೆಯವರು ಬಾರ್ಬೆಕ್ಯೂ ಎಂದು ಒಪ್ಪುವುದಿಲ್ಲ. ಅವರ ಮಾತಿನಲ್ಲಿ ನ್ಯಾಯವಿದೆ, ಅದರ ಕಾರಣವನ್ನು ಮುಂದೆ ನೋಡೋಣ. ಆದರೆ ಮಾಂಸದ ಮೃದುತ್ವದ ಮಟ್ಟಿಗೆ ಎರಡೂ ಕಡೆ ನಡೆಯುವುದು ಒಂದೇ ಕ್ರಿಯೆ.

ಮಾಂಸದ ಒಳಗೆ ನಡೆಯುವುದೇನು

ನಾವು ಮಾಂಸ ಎನ್ನುವುದು ಪ್ರಾಣಿಯ ಸ್ನಾಯು. ಅದು ಉದ್ದುದ್ದ, ತೆಳ್ಳನೆಯ ನಾರುಗಳಿಂದ ಆಗಿದೆ. ಊದುಬತ್ತಿಯ ಡಬ್ಬವನ್ನು ನೆನೆದುಕೊಂಡರೆ ಇದರ ರಚನೆ ತಿಳಿಯುತ್ತದೆ: ಹತ್ತಿಪ್ಪತ್ತು ಕಡ್ಡಿಗಳನ್ನು ಸೇರಿಸಿ ಒಂದು ಹಾಳೆಯಲ್ಲಿ ಸುತ್ತಿರುತ್ತಾರೆ, ಅಂಥ ಹಲವು ಕಟ್ಟುಗಳನ್ನು ಜೋಡಿಸಿ ಇನ್ನೊಂದು ದಪ್ಪ ಹೊದಿಕೆಯೊಳಗೆ ಇಟ್ಟಿರುತ್ತಾರೆ. ಸ್ನಾಯುವಿನಲ್ಲಿ ಕಡ್ಡಿಗಳ ಜಾಗದಲ್ಲಿ ನಾರುಗಳಿವೆ, ಸುತ್ತಿದ ಹಾಳೆಯ ಜಾಗದಲ್ಲಿ ಕೊಲಾಜೆನ್ ಎಂಬ ಪ್ರೋಟೀನಿನಿಂದಾದ ಪೊರೆಗಳಿವೆ. ನಾರುಗಳನ್ನು ಒಟ್ಟಿಗೆ ಹಿಡಿದಿಡುವುದು ಈ ಪೊರೆಗಳ ಕೆಲಸ. ಪ್ರಾಣಿ ಯಾವ ಅಂಗವನ್ನು ಹೆಚ್ಚು ದುಡಿಸುತ್ತದೋ ಅಲ್ಲಿ ಕೊಲಾಜೆನ್ ಹೆಚ್ಚು. ನಡೆಯುವಾಗಲೂ ನೆಲ ಕೆದಕುವಾಗಲೂ ಮೈಭಾರ ಹೊರುವ ಭುಜದಲ್ಲಿ ಅದು ಯಥೇಚ್ಛವಾಗಿರುತ್ತದೆ, ಬೆನ್ನಿನ ಮೇಲ್ಭಾಗದ ಸ್ನಾಯುವಿನಲ್ಲಿ ಬಹಳ ಕಡಿಮೆ.

ಈಗ ಶಾಖ ಏರಿದಂತೆ ಎರಡು ಬೇರೆ ಬೇರೆ ಸಂಗತಿಗಳು ನಡೆಯುತ್ತವೆ, ಮತ್ತು ಅವೆರಡರ ವೇಗ ಒಂದೇ ಆಗಿರುವುದಿಲ್ಲ. ಮೊದಲನೆಯದು ನಾರುಗಳಲ್ಲಿ ಆಗುವ ಬದಲಾವಣೆ. ಸುಮಾರು 50 ಡಿಗ್ರಿಯಿಂದ ಆರಂಭವಾಗಿ 75 ಡಿಗ್ರಿಯೊಳಗೆ ನಾರುಗಳ ಪ್ರೋಟೀನುಗಳು ಒಂದೊಂದಾಗಿ ರೂಪ ಕಳೆದುಕೊಂಡು ಗಟ್ಟಿಯಾಗುತ್ತವೆ. ನಾರು ಕುಗ್ಗಿ, ಒಳಗಿನ ನೀರನ್ನು ಹೊರಕ್ಕೆ ಹಿಂಡುತ್ತದೆ. 60 ಡಿಗ್ರಿ ದಾಟಿದ ಮೇಲೆ ಕೊಲಾಜೆನ್ ಪೊರೆಯೂ ಬಿಗಿಯಾಗಿ ಕುಗ್ಗುವುದರಿಂದ ಈ ಹಿಂಡುವಿಕೆ ಇನ್ನೂ ಹೆಚ್ಚುತ್ತದೆ. ಈ ಹಂತದಲ್ಲಿ ಮಾಂಸವನ್ನು ತೆಗೆದರೆ ಅದು ಬೆಂದಿರುತ್ತದೆ, ಆದರೆ ನೀರು ಕಳೆದುಕೊಂಡ ನಾರುಗಳನ್ನು ಬಿಗಿದ ಪೊರೆ ಇನ್ನೂ ಕಟ್ಟಿ ಹಿಡಿದಿರುತ್ತದೆ. ಆರಂಭದಲ್ಲಿ ಹೇಳಿದ 75 ಡಿಗ್ರಿಯ ಗಟ್ಟಿ ಮಾಂಸ ಇದೇ.

ಎರಡನೆಯದು ಕೊಲಾಜೆನ್ ಕರಗುವುದು. ತೇವದ ಸಮ್ಮುಖದಲ್ಲಿ, 70 ಡಿಗ್ರಿಯ ಮೇಲೆ ಬಹಳ ಹೊತ್ತು ಇದ್ದರೆ, ಕೊಲಾಜೆನ್ನಿನ ಹುರಿಗೊಂಡ ಎಳೆಗಳು ನಿಧಾನವಾಗಿ ಬಿಚ್ಚಿಕೊಂಡು ಜೆಲಾಟಿನ್ ಆಗುತ್ತವೆ. ಕಾಲು ಸೂಪನ್ನು ಆರಲು ಬಿಟ್ಟಾಗ ಹೆಪ್ಪುಗಟ್ಟುವುದು ಈ ಜೆಲಾಟಿನ್ನಿನಿಂದಲೇ. ಇದು ಒಂದು ನಿರ್ದಿಷ್ಟ ಉಷ್ಣತೆಯಲ್ಲಿ ಥಟ್ಟನೆ ನಡೆಯುವ ಕ್ರಿಯೆಯಲ್ಲ; ಉಷ್ಣತೆಯೂ ಸಮಯವೂ ಸೇರಿ ನಿರ್ಧರಿಸುವ ಕ್ರಿಯೆ. 60 ಡಿಗ್ರಿ ಚಿಲ್ಲರೆಯಲ್ಲಿ ಒಂದು ದಿನಕ್ಕೂ ಹೆಚ್ಚು ಕಾಲ ಬೇಕಾಗುತ್ತದೆ, 85ರಿಂದ 95 ಡಿಗ್ರಿಯಲ್ಲಿ ಕೆಲವೇ ಗಂಟೆ ಸಾಕು. ಪೊರೆ ಕರಗಿದ ಮೇಲೆ ನಾರುಗಳನ್ನು ಹಿಡಿದಿಡುವುದು ಏನೂ ಉಳಿಯುವುದಿಲ್ಲವಾದ್ದರಿಂದ ಅವು ಎಳೆದ ಕಡೆ ಬಿಡಿಸಿಕೊಳ್ಳುತ್ತವೆ.

ಹಾಗಾದರೆ ಆಗಲೇ ಹೊರಬಿದ್ದ ನೀರಿನ ಗತಿಯೇನು? ಅದು ಮರಳಿ ನಾರಿನೊಳಕ್ಕೆ ಹೋಗುವುದಿಲ್ಲ. ನಿಜ ಹೇಳಬೇಕೆಂದರೆ, ಒಂಬತ್ತು ಗಂಟೆ ಬೆಂದ ಮಾಂಸದ ನಾರು ಆರು ಗಂಟೆ ಬೆಂದದ್ದಕ್ಕಿಂತ ಒಣಗಿಯೇ ಇರುತ್ತದೆ. ಆದರೆ ನಾರುಗಳ ನಡುವೆ ಹರಡಿಕೊಂಡ ಜೆಲಾಟಿನ್ ಮತ್ತು ಕರಗಿದ ಕೊಬ್ಬು ಪ್ರತಿ ಎಳೆಗೂ ಲೇಪವಾಗಿ ಅಂಟಿಕೊಳ್ಳುವುದರಿಂದ ಬಾಯಿಗೆ ಅದು ರಸಭರಿತವಾಗಿ ತೋರುತ್ತದೆ. ಕೊಬ್ಬೂ ಕೊಲಾಜೆನ್ನೂ ಇಲ್ಲದ ತುಂಡನ್ನು ಎಷ್ಟು ಹೊತ್ತು ಬೇಯಿಸಿದರೂ ಪುಲ್ಡ್ ಪೋರ್ಕ್ ಆಗದಿರುವುದಕ್ಕೆ ಕಾರಣ ಇದು.

ಯಾವ ಭಾಗ ತರಬೇಕು

ಅಮೆರಿಕದಲ್ಲಿ ಹಂದಿಯ ಮುಂಗಾಲಿನ ಮೇಲ್ಭಾಗವನ್ನು ಎರಡು ತುಂಡುಗಳಾಗಿ ಮಾರುತ್ತಾರೆ. ಭುಜದ ಮೂಳೆಯ ಸುತ್ತಲಿನ ಮೇಲಿನ ತುಂಡಿಗೆ ಬಾಸ್ಟನ್ ಬಟ್ ಎಂದೂ, ಅದರ ಕೆಳಗೆ ಮುಂಗಾಲಿನತ್ತ ಇಳಿಯುವ ತುಂಡಿಗೆ ಪಿಕ್‌ನಿಕ್ ಎಂದೂ ಹೆಸರು. ಮೊದಲನೆಯದರ ಹೆಸರಿನಲ್ಲಿ ಬಟ್ ಎಂದಿದ್ದರೂ ಅದಕ್ಕೂ ಹಿಂಭಾಗಕ್ಕೂ ಸಂಬಂಧವಿಲ್ಲ. ಮೇಲಿನ ತುಂಡಿನಲ್ಲಿ ಕೊಬ್ಬು ಮಾಂಸದ ನಡುನಡುವೆ ಗೆರೆಗಳಾಗಿ ಹರಡಿಕೊಂಡಿರುವುದರಿಂದ ಈ ಅಡುಗೆಗೆ ಅದೇ ಮೇಲು. ಕೆಳಗಿನದರಲ್ಲಿ ಚರ್ಮವೂ ನರಗಳೂ ಜಾಸ್ತಿ. ಅದರಿಂದಲೂ ಮಾಡಬಹುದು, ಆದರೆ ತೆಗೆದು ಬಿಸಾಡಬೇಕಾದ ಭಾಗ ಹೆಚ್ಚು.

ಕೊಡಗಿನಲ್ಲಿ, ಮಂಗಳೂರಿನಲ್ಲಿ, ಬೆಂಗಳೂರಿನ ಹಂದಿಮಾಂಸದಂಗಡಿಗಳಲ್ಲಿ ಸಾಮಾನ್ಯವಾಗಿ ಚರ್ಮ, ಕೊಬ್ಬು, ಮಾಂಸ ಎಲ್ಲ ಸೇರಿಸಿ ಸಾರಿಗೆ ಹೊಂದುವಂತೆ ಸಣ್ಣ ತುಂಡು ಮಾಡಿ ಕೊಡುವ ರೂಢಿಯಿದೆ. ಆದ್ದರಿಂದ ಮುಂಗಾಲಿನ ಭುಜದ ಭಾಗ, ಚರ್ಮ ತೆಗೆದು, ಕತ್ತರಿಸದೆ ಇಡಿಯಾಗಿ ಬೇಕೆಂದು ಮೊದಲೇ ಹೇಳಿಡುವುದು ಒಳ್ಳೆಯದು. ಸಣ್ಣ ತುಂಡುಗಳಾದರೆ ನಾರುಗಳೂ ಮೋಟಾಗುತ್ತವೆ, ಬಿಡಿಸಿದಾಗ ಉದ್ದನೆಯ ಎಳೆ ಬರುವುದಿಲ್ಲ. ಹೊರಗಿನ ಕೊಬ್ಬಿನ ಪದರ ದಪ್ಪವಿದ್ದರೆ ಅರ್ಧ ಸೆಂಟಿಮೀಟರಿನಷ್ಟು ಉಳಿಸಿ ಮಿಕ್ಕದ್ದನ್ನು ತೆಗೆಸಬೇಕು. ಮೇಲಿನ ಕೊಬ್ಬು ಕರಗಿ ಮಾಂಸದೊಳಗೆ ಇಳಿಯುತ್ತದೆಂಬ ನಂಬಿಕೆ ಎಲ್ಲೆಡೆ ಇದೆ. ವಾಸ್ತವದಲ್ಲಿ ಅದು ಪಕ್ಕಕ್ಕೆ ಹರಿದು ತಳ ಸೇರುತ್ತದೆ.

ಬೆನ್ನಿನ ಭಾಗದ, ಅಂದರೆ ಲಾಯ್ನ್ ಎಂದು ಮಾರುವ ಮಾಂಸ ಬೆಲೆ ಹೆಚ್ಚು, ನೋಡಲು ಚೊಕ್ಕಟ. ಈ ಅಡುಗೆಗೆ ಮಾತ್ರ ಅದು ಬೇಡ.

ಸ್ಲೋ ಕುಕ್ಕರ್ ಹೇಗೆ ಕೆಲಸ ಮಾಡುತ್ತದೆ

ಉಪಕರಣದಲ್ಲಿ ಇರುವುದು ಮೂರೇ ಭಾಗ: ಒಳಗೆ ದಪ್ಪನೆಯ ಪಿಂಗಾಣಿ ಪಾತ್ರೆ, ಅದನ್ನು ಸುತ್ತುವರಿದ ವಿದ್ಯುತ್ ತಂತಿಯ ಬಿಸಿಕವಚ, ಮೇಲೆ ಬಿಗಿಯಾಗಿ ಕೂರುವ ಗಾಜಿನ ಮುಚ್ಚಳ. ದೊಡ್ಡ ಗಾತ್ರದವೂ ಸಾಮಾನ್ಯವಾಗಿ 200ರಿಂದ 300 ವ್ಯಾಟ್ ಮಾತ್ರ ಬಳಸುತ್ತವೆ. ಇದರಲ್ಲಿ ಒತ್ತಡವಿಲ್ಲ, ಸೀಟಿಯಿಲ್ಲ. ಸಣ್ಣ ಶಾಖ ದಪ್ಪ ಪಾತ್ರೆಯ ಮೂಲಕ ಎಲ್ಲ ಕಡೆಯಿಂದ ಹರಡಿ, ಏಳುವ ಆವಿ ಮುಚ್ಚಳಕ್ಕೆ ತಾಗಿ ನೀರಾಗಿ ಮರಳಿ ಬೀಳುತ್ತದೆ.

ಇದನ್ನು ರೂಪಿಸಿದವರು ಅಮೆರಿಕದ ಇರ್ವಿಂಗ್ ನ್ಯಾಕ್ಸನ್. ಅವರಿಗೆ ಇದರ ಪೇಟೆಂಟ್ ದೊರೆತದ್ದು 1940ರಲ್ಲಿ. ಲಿಥುವೇನಿಯಾದ ಯಹೂದಿ ಮನೆಗಳಲ್ಲಿ ವಾರದ ವಿಶ್ರಾಂತಿಯ ದಿನವಾದ ಸಬ್ಬತ್ತಿನಂದು ಬೆಂಕಿ ಹೊತ್ತಿಸಬಾರದೆಂಬ ನಿಯಮವಿದ್ದುದರಿಂದ, ಹಿಂದಿನ ಸಂಜೆಯೇ ಕಾಳು, ಮಾಂಸಗಳ ಗಡಿಗೆಯನ್ನು ಬೇಕರಿಯ ಆರುತ್ತಿರುವ ಒಲೆಯಲ್ಲಿಟ್ಟು ಮರುದಿನ ಬಿಸಿಯಾಗಿ ಉಣ್ಣುತ್ತಿದ್ದರು. ಚೋಲೆಂಟ್ ಎಂಬ ಆ ಅಡುಗೆಯ ಬಗ್ಗೆ ತಾಯಿಯಿಂದ ಕೇಳಿದ್ದೇ ನ್ಯಾಕ್ಸನ್ನರಿಗೆ ಪ್ರೇರಣೆ. ರೈವಲ್ ಎಂಬ ಕಂಪನಿ 1970ರಲ್ಲಿ ಅವರ ವ್ಯವಹಾರವನ್ನು ಕೊಂಡು, ಮರುವರ್ಷ ಕ್ರಾಕ್-ಪಾಟ್ ಎಂಬ ಹೆಸರಿನಲ್ಲಿ ಮಾರುಕಟ್ಟೆಗೆ ತಂದಿತು. ಬೆಳಗ್ಗೆ ಕೆಲಸಕ್ಕೆ ಹೊರಡುವ ಮುನ್ನ ಸ್ವಿಚ್ ಹಾಕಿ, ಸಂಜೆ ಬಂದು ಉಣ್ಣಬಹುದೆಂಬುದು ಅದರ ಆಕರ್ಷಣೆಯಾಗಿತ್ತು. ಹಂದಿಮಾಂಸ ಮುಟ್ಟದ ಸಂಪ್ರದಾಯದೊಳಗೆ ಹುಟ್ಟಿದ ಉಪಾಯ ಇಂದು ಪುಲ್ಡ್ ಪೋರ್ಕಿನ ಪಾತ್ರೆಯೆಂದೇ ಹೆಸರಾಗಿರುವುದು ಅಡುಗೆಯ ಚರಿತ್ರೆಯ ತಮಾಷೆಗಳಲ್ಲೊಂದು.

ಲೋ ಮತ್ತು ಹೈ ಎಂಬ ಎರಡು ಗುರುತುಗಳ ಬಗ್ಗೆ ತಪ್ಪು ತಿಳಿವಳಿಕೆಯಿದೆ. ಲೋ ಎಂದರೆ 70 ಡಿಗ್ರಿ, ಹೈ ಎಂದರೆ 100 ಡಿಗ್ರಿ ಎಂದು ಹಲವರು ಭಾವಿಸುತ್ತಾರೆ. ಅನೇಕ ಮಾದರಿಗಳಲ್ಲಿ ಎರಡೂ ಕೊನೆಗೆ ಮುಟ್ಟುವುದು ಕುದಿಯುವುದಕ್ಕೆ ಸ್ವಲ್ಪ ಕಡಿಮೆಯಾದ ಒಂದೇ ಉಷ್ಣತೆಯನ್ನು. ಅಲ್ಲಿಗೆ ತಲುಪುವ ವೇಗದಲ್ಲಿ ಮಾತ್ರ ವ್ಯತ್ಯಾಸ. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ಬೆಂಗಳೂರಿನಲ್ಲಿ ನೀರು 97 ಡಿಗ್ರಿಗೇ ಕುದಿಯುತ್ತದೆ, ಮಡಿಕೇರಿಯಲ್ಲಿ ಇನ್ನೊಂದು ಡಿಗ್ರಿ ಕಡಿಮೆ. ಅಷ್ಟು ಶಾಖ ಕೊಲಾಜೆನ್ ಕರಗಲು ಧಾರಾಳವಾಯಿತು. ವಾರ್ಮ್ ಎಂಬ ಮೂರನೆಯ ಗುರುತು ಬೆಂದದ್ದನ್ನು ಬಿಸಿಯಾಗಿಡಲು ಇರುವಂಥದ್ದು, ಅದರಲ್ಲಿ ಹಸಿ ಮಾಂಸ ಬೇಯಿಸಬಾರದು.

ಮುಚ್ಚಳ ತೆಗೆದಾಗ ಒಳಗೆ ತುಂಬಿದ್ದ ಆವಿಯೆಲ್ಲ ಒಮ್ಮೆಗೇ ಹೊರಟುಹೋಗುತ್ತದೆ. ಇಷ್ಟು ಕಡಿಮೆ ವ್ಯಾಟಿನ ಉಪಕರಣ ಕಳೆದುಕೊಂಡ ಶಾಖವನ್ನು ಮತ್ತೆ ತುಂಬಿಕೊಳ್ಳಲು ಇಪ್ಪತ್ತು, ಮೂವತ್ತು ನಿಮಿಷ ತೆಗೆದುಕೊಳ್ಳುತ್ತದೆ. ಗಂಟೆಗೊಮ್ಮೆ ಇಣುಕಿ ನೋಡುವವರ ಮಾಂಸ ಹೇಳಿದ ಹೊತ್ತಿಗೆ ಆಗದಿರುವುದು ಇದರಿಂದ.

ವಿದೇಶದಿಂದ ಮರಳುವವರು ಗಮನಿಸಬೇಕಾದ ಒಂದು ಮಾತು: ಅಮೆರಿಕದ ಉಪಕರಣಗಳು 120 ವೋಲ್ಟಿಗೆ ಮಾಡಿದವು. ನಮ್ಮ 230 ವೋಲ್ಟಿನ ಸಾಕೆಟ್ಟಿಗೆ ಪ್ಲಗ್ ಬದಲಿಸಿ ನೇರವಾಗಿ ಹಾಕಿದರೆ ಬಿಸಿತಂತಿಯಲ್ಲಿ ಸುಮಾರು ಮೂರೂವರೆ ಪಟ್ಟು ಹೆಚ್ಚು ಶಾಖ ಹುಟ್ಟಿ ಅದು ಸುಟ್ಟುಹೋಗುತ್ತದೆ. ತಕ್ಕ ಟ್ರಾನ್ಸ್‌ಫಾರ್ಮರ್ ಬೇಕು, ಇಲ್ಲವೇ ಅದನ್ನು ಅಲ್ಲಿಯೇ ಬಿಟ್ಟು ಬರುವುದು ಲೇಸು.

ಹೊಗೆಯ ಒಲೆಯಲ್ಲಿ ಆಗುವ, ಇಲ್ಲಿ ಆಗದ ಸಂಗತಿಗಳು

ಕ್ಯಾರೊಲಿನಾದವರ ತಕರಾರಿಗೆ ಈಗ ಬರೋಣ. ಹೊಗೆಯ ಒಲೆಯಲ್ಲಿ ಬಿಸಿಗಾಳಿ ಮಾಂಸದ ಮೇಲೆ ಹಾದುಹೋಗುತ್ತಿರುತ್ತದೆ. ಮಾಂಸ 65ರಿಂದ 75 ಡಿಗ್ರಿಯ ನಡುವೆ ಬಂದಾಗ ಮೇಲ್ಮೈಯ ತೇವ ಆವಿಯಾಗುತ್ತಾ ಶಾಖವನ್ನು ಹೀರಿಕೊಳ್ಳುವುದರಿಂದ ಅದರ ಉಷ್ಣತೆ ಗಂಟೆಗಟ್ಟಲೆ ಮೇಲೇರದೆ ನಿಂತುಬಿಡುತ್ತದೆ. ಬಾರ್ಬೆಕ್ಯೂ ಮಾಡುವವರನ್ನು ಕಂಗೆಡಿಸುವ ಈ ನಿಲುಗಡೆ ಸ್ಲೋ ಕುಕ್ಕರಿನಲ್ಲಿ ಇಲ್ಲವೇ ಇಲ್ಲ. ಮುಚ್ಚಳದ ಕೆಳಗಿನ ಗಾಳಿ ಆವಿಯಿಂದ ತುಂಬಿರುವಾಗ ಮಾಂಸದಿಂದ ತೇವ ಆರುವುದು ಹೇಗೆ?

ಆದರೆ ಅದೇ ತೇವದಿಂದ ಒಂದು ನಷ್ಟವೂ ಇದೆ. ಮಾಂಸದ ಹೊರಮೈ ಕಂದಾಗಿ, ಹುರಿದ ಪರಿಮಳ ಬರಬೇಕಾದರೆ ಅದು ಒಣಗಿ ಸುಮಾರು 140 ಡಿಗ್ರಿಯವರೆಗೆ ಬಿಸಿಯಾಗಬೇಕು. ಪ್ರೋಟೀನಿನ ಅಂಶಗಳೂ ಸಕ್ಕರೆಗಳೂ ಕೂಡಿ ನೂರಾರು ಹೊಸ ವಾಸನೆಗಳನ್ನು ಹುಟ್ಟಿಸುವ ಆ ಕ್ರಿಯೆಗೆ ಮೈಲಾರ್ಡ್ ಕ್ರಿಯೆ ಎಂದು ಹೆಸರು. ನೀರು ತುಂಬಿದ ಪಾತ್ರೆಯೊಳಗೆ ಉಷ್ಣತೆ ನೂರನ್ನು ದಾಟದಿರುವುದರಿಂದ ಇಲ್ಲಿ ಮಾಂಸ ನಸುಬೂದು ಬಣ್ಣದ್ದಾಗಿಯೇ ಉಳಿಯುತ್ತದೆ. ಹೊಗೆಯೊಳಗಿನ ಅನಿಲಗಳು ಮಾಂಸದ ಬಣ್ಣದ ಪ್ರೋಟೀನಿನೊಡನೆ ಸೇರಿ ಅಂಚಿನಲ್ಲಿ ಮೂಡಿಸುವ ಗುಲಾಬಿ ಬಳೆಯೂ ಇಲ್ಲಿ ಬಾರದು. ಮೃದುತ್ವ ಸರಿಸಮ, ಪರಿಮಳದಲ್ಲಿ ಹೊಗೆಯ ಒಲೆಯೇ ಮೇಲು ಎಂದು ಒಪ್ಪಿಕೊಂಡು, ಆ ಕೊರತೆಯನ್ನು ಬೇಯಿಸುವ ಮೊದಲೋ ಆಮೇಲೆಯೋ ಕಾವಲಿಯ ಮೇಲೆ ತುಂಬಿಕೊಳ್ಳಬೇಕಾಗುತ್ತದೆ.

ಮಾಡುವ ಕ್ರಮ

ಎರಡು ಕಿಲೋ ಮೂಳೆಯಿಲ್ಲದ ಭುಜದ ಮಾಂಸಕ್ಕೆ 25 ಗ್ರಾಂ ಉಪ್ಪು ಸಾಕು. ಸಾಧ್ಯವಿದ್ದರೆ ಹಿಂದಿನ ರಾತ್ರಿಯೇ ಉಪ್ಪು ಸವರಿ ಫ್ರಿಜ್ಜಿನಲ್ಲಿಡಬೇಕು; ಮಸಾಲೆಗಳಲ್ಲಿ ಮಾಂಸದ ಆಳಕ್ಕೆ ಇಳಿಯುವ ಶಕ್ತಿ ಇರುವುದು ಹೆಚ್ಚುಕಡಿಮೆ ಉಪ್ಪಿಗೆ ಮಾತ್ರ, ಅದಕ್ಕೂ ಹೊತ್ತು ಬೇಕು. ಉಳಿದ ಮಸಾಲೆಗಳು ಮೇಲ್ಮೈಯಿಂದ ಕೆಲವು ಮಿಲಿಮೀಟರ್ ದಾಟುವುದಿಲ್ಲ. ಅವು ಕೊನೆಗೆ ರಸದಲ್ಲಿ ಕಲೆತು, ಬಿಡಿಸಿದ ಎಳೆಗಳಿಗೆ ಹತ್ತಿಕೊಳ್ಳುತ್ತವೆ. ತುಂಡನ್ನು ಒಂದೊಂದು ಕಿಲೋದಂತೆ ಎರಡು ಮಾಡಿಕೊಂಡರೆ ಬೇಗ ಬಿಸಿಯಾಗುತ್ತದೆ, ಮಸಾಲೆ ಹತ್ತಲು ಜಾಗವೂ ಹೆಚ್ಚು.

ಅಮೆರಿಕದ ಮಸಾಲೆಯಲ್ಲಿ ಕಂದು ಸಕ್ಕರೆ, ಪ್ಯಾಪ್ರಿಕಾ, ಕಾಳುಮೆಣಸು, ಬೆಳ್ಳುಳ್ಳಿ ಪುಡಿ, ಸಾಸಿವೆ ಪುಡಿ, ಜೀರಿಗೆ ಇರುತ್ತವೆ. ಪ್ಯಾಪ್ರಿಕಾದ ಕೆಲಸ ಖಾರಕ್ಕಿಂತ ಹೆಚ್ಚಾಗಿ ಬಣ್ಣ ಕೊಡುವುದು, ಆದ್ದರಿಂದ ಬ್ಯಾಡಗಿ ಮೆಣಸಿನಕಾಯಿಯ ಪುಡಿ ಅದರ ಜಾಗದಲ್ಲಿ ಚೆನ್ನಾಗಿ ಹೊಂದುತ್ತದೆ. ಕಂದು ಸಕ್ಕರೆಗೆ ಬದಲು ಬೆಲ್ಲದ ಪುಡಿ ಆಗಬಹುದು. ಮೆಣಸಿನಕಾಯಿ ಪುಡಿ ಮತ್ತು ಬೆಲ್ಲ ಎರಡೆರಡು ದೊಡ್ಡ ಚಮಚ, ಕಾಳುಮೆಣಸು ಮತ್ತು ಬೆಳ್ಳುಳ್ಳಿ ಪುಡಿ ಒಂದೊಂದು ದೊಡ್ಡ ಚಮಚ, ಸಾಸಿವೆ ಮತ್ತು ಜೀರಿಗೆ ಪುಡಿ ಒಂದೊಂದು ಸಣ್ಣ ಚಮಚ ಎಂಬ ಅಳತೆ ಹಿತವಾಗಿರುತ್ತದೆ. ಮಾಂಸವನ್ನು ಮೊದಲು ಕಾವಲಿಯಲ್ಲಿ ಕಂದಾಗಿಸಿಕೊಳ್ಳುವುದಾದರೆ ಉಪ್ಪು ಸವರಿದ್ದನ್ನು ಹಾಗೆಯೇ ಬಿಸಿ ಎಣ್ಣೆಯಲ್ಲಿ ಎಲ್ಲ ಬದಿಗೂ ತಿರುವಿ, ಮಸಾಲೆಯನ್ನು ಆಮೇಲೆ ಹಚ್ಚಬೇಕು. ಬೆಲ್ಲ ಬಿಸಿ ಕಾವಲಿಗೆ ತಾಗಿದರೆ ಸೀದು ಕಹಿಯಾಗುತ್ತದೆ.

ಪಾತ್ರೆಯ ತಳಕ್ಕೆ ಎರಡು ಈರುಳ್ಳಿಯನ್ನು ದಪ್ಪ ಹೋಳು ಮಾಡಿ ಹರಡಿ, ಮೇಲೆ ಮಾಂಸವನ್ನಿಟ್ಟು, ಕಾಲು ಕಪ್ ಆ್ಯಪಲ್ ಸೈಡರ್ ವಿನೆಗರ್ ಮತ್ತು ಅರ್ಧ ಕಪ್ ನೀರನ್ನು ಬದಿಯಿಂದ ಸುರಿಯಬೇಕು. ಸಾರು ಮಾಡಿ ಅಭ್ಯಾಸವಿರುವವರ ಕಣ್ಣಿಗೆ ಇದು ಕಡಿಮೆಯೆನಿಸುತ್ತದೆ. ಆದರೆ ಕೊಬ್ಬಿಲ್ಲದ ಹಸಿ ಮಾಂಸದಲ್ಲಿ ಮುಕ್ಕಾಲು ಪಾಲು ನೀರೇ ಇದೆ, ಅದರಲ್ಲಿ ದೊಡ್ಡ ಭಾಗ ಬೇಯುವಾಗ ಹೊರಬರುತ್ತದೆ, ಮುಚ್ಚಿದ ಪಾತ್ರೆಯಿಂದ ಬತ್ತುವುದು ಅತ್ಯಲ್ಪ. ಮಾಂಸ ಮುಳುಗುವಷ್ಟು ನೀರು ಹಾಕಿದರೆ ರುಚಿಯೆಲ್ಲ ನೀರಿಗೆ ಹೋಗಿ ಮಾಂಸ ಸಪ್ಪೆಯಾಗುತ್ತದೆ. ಪಾತ್ರೆ ಅರ್ಧದಿಂದ ಮೂರನೆಯ ಎರಡು ಭಾಗದವರೆಗೆ ತುಂಬಿರುವುದು ಸರಿಯಾದ ಮಟ್ಟ.

ಇಷ್ಟಾದ ಮೇಲೆ ಮುಚ್ಚಳ ಹಾಕಿ ಲೋನಲ್ಲಿ ಎಂಟರಿಂದ ಹತ್ತು ಗಂಟೆ, ಅಥವಾ ಹೈನಲ್ಲಿ ಐದರಿಂದ ಆರು ಗಂಟೆ ಬಿಡಬೇಕು. ಸಮಯವಿದ್ದರೆ ಲೋ ಆಯ್ದುಕೊಳ್ಳುವುದು ವಾಸಿ, ಏಕೆಂದರೆ ನಿಧಾನವಾಗಿ ಬಿಸಿಯೇರಿದಾಗ ಹೊರಭಾಗ ಮತ್ತು ನಡುಭಾಗದ ನಡುವಿನ ಅಂತರ ಕಡಿಮೆಯಾಗಿ ತುಂಡು ಒಂದೇ ಸಮನಾಗಿ ಮೆತ್ತಗಾಗುತ್ತದೆ.

ಆಯಿತೆಂದು ತಿಳಿಯುವುದು, ಬಿಡಿಸುವುದು

ಗಡಿಯಾರಕ್ಕಿಂತ ಫೋರ್ಕ್ ನಂಬಿಕೆಗೆ ಅರ್ಹ. ಫೋರ್ಕನ್ನು ಚುಚ್ಚಿ ಅರ್ಧ ಸುತ್ತು ತಿರುಗಿಸಿದಾಗ ಮಾಂಸ ತಡೆಯಿಲ್ಲದೆ ಸೀಳಿದರೆ ಆಗಿದೆ ಎಂದರ್ಥ. ಮೂಳೆಸಹಿತ ತಂದಿದ್ದರೆ ಭುಜದ ಚಪ್ಪಟೆ ಮೂಳೆ ಎಳೆದೊಡನೆ ಮಾಂಸವಂಟದೆ ಹೊರಬರುತ್ತದೆ. ಥರ್ಮಾಮೀಟರ್ ಇದ್ದವರಿಗೆ 90ರಿಂದ 95 ಡಿಗ್ರಿ ಗುರಿ. ಮಾಂಸ ಫೋರ್ಕನ್ನು ತಡೆದರೆ ಅದು ಹೆಚ್ಚು ಬೆಂದು ಗಟ್ಟಿಯಾಯಿತೆಂದು ಹೆದರದೆ ಇನ್ನೊಂದು ಗಂಟೆ ಬಿಡಬೇಕು. ಪೊರೆ ಇನ್ನೂ ಕರಗಿಲ್ಲ, ಅಷ್ಟೆ. ಹಾಗೆಂದು ಹದಿನಾಲ್ಕು ಗಂಟೆ ಬಿಟ್ಟರೆ ನಾರುಗಳೂ ಬಲ ಕಳೆದುಕೊಂಡು ಎಳೆಗಳು ಹಿಟ್ಟುಹಿಟ್ಟಾಗುತ್ತವೆ, ವಿನೆಗರ್ ಜಾಸ್ತಿಯಿದ್ದರೆ ಇದು ಇನ್ನೂ ಬೇಗ ಆಗುತ್ತದೆ.

ತೆಗೆದ ತುಂಡನ್ನು ತಟ್ಟೆಯಲ್ಲಿಟ್ಟು ಕಾಲು ಗಂಟೆ ಆರಲು ಬಿಟ್ಟು, ಎರಡು ಫೋರ್ಕಿನಿಂದ ನಾರಿನ ಉದ್ದಕ್ಕೆ ಎಳೆಯಬೇಕು. ಪೂರ್ತಿ ತಣ್ಣಗಾಗಲು ಬಿಡಬಾರದು, ಜೆಲಾಟಿನ್ ಹೆಪ್ಪುಗಟ್ಟಿ ಎಳೆಗಳು ಮತ್ತೆ ಅಂಟಿಕೊಳ್ಳುತ್ತವೆ. ಅಷ್ಟರಲ್ಲಿ ಪಾತ್ರೆಯ ರಸವನ್ನು ಸೋಸಿ, ಮೇಲೆ ತೇಲುವ ಕೊಬ್ಬನ್ನು ಸೌಟಿನಿಂದ ತೆಗೆದು, ಒಲೆಯ ಮೇಲೆ ಅರ್ಧಕ್ಕೆ ಬತ್ತಿಸಬೇಕು. ಕರಗಿದ ಜೆಲಾಟಿನ್ನಿನ ಬಹುಪಾಲು ಈ ರಸದಲ್ಲಿರುವುದರಿಂದ ಇದನ್ನು ಚೆಲ್ಲುವುದು ಮಾಂಸದ ಅರ್ಧ ರುಚಿಯನ್ನು ಚೆಲ್ಲಿದಂತೆ. ಬತ್ತಿಸಿದ ರಸವನ್ನು ಸ್ವಲ್ಪ ಸ್ವಲ್ಪವಾಗಿ ಎಳೆಗಳಿಗೆ ಬೆರೆಸಿ, ಕೊನೆಯಲ್ಲಿ ಒಂದು ಚಮಚ ಹೊಸ ವಿನೆಗರ್ ಹಾಕಿದರೆ, ದೀರ್ಘಕಾಲ ಬೆಂದು ಮಂಕಾದ ಹುಳಿ ಮತ್ತೆ ಚುರುಕಾಗುತ್ತದೆ. ಹುರಿದ ಪರಿಮಳ ಬೇಕೆನ್ನುವವರು ಎಳೆಗಳನ್ನು ಬಿಸಿ ಕಾವಲಿಯಲ್ಲಿ ತೆಳುವಾಗಿ ಹರಡಿ ಅಂಚುಗಳು ಕಂದಾಗುವವರೆಗೆ ಕೈಯಾಡಿಸದೆ ಬಿಡಬೇಕು. ನನಗೆ ಕೇಳಿದರೆ ಈ ಹೆಜ್ಜೆಯನ್ನು ತಪ್ಪಿಸಲೇಬಾರದು. ಎರಡು ಕಿಲೋ ಹಸಿ ಮಾಂಸ ಬೆಂದು ಸುಮಾರು ಒಂದೂಕಾಲು ಕಿಲೋ ಉಳಿಯುತ್ತದೆ, ಎಂಟು ಜನರಿಗೆ ಬನ್ನಿನೊಳಗೆ ಎಲೆಕೋಸಿನ ಹಸಿ ಪಚಡಿಯೊಡನೆ ಬಡಿಸಲು ಅಷ್ಟು ಸಾಕು.

ಪ್ರೆಶರ್ ಕುಕ್ಕರಿನಲ್ಲಿ ಆಗದೇ?

ಆಗುತ್ತದೆ. ಒತ್ತಡದಿಂದ ಒಳಗಿನ ಉಷ್ಣತೆ ಸುಮಾರು 120 ಡಿಗ್ರಿಗೆ ಏರುವುದರಿಂದ ಕೊಲಾಜೆನ್ ಕರಗುವ ವೇಗ ಹಲವು ಪಟ್ಟು ಹೆಚ್ಚಿ, ಅಂಗೈಗಾತ್ರದ ತುಂಡುಗಳು ಒಂದು, ಒಂದೂವರೆ ಗಂಟೆಯಲ್ಲಿ ಬಿಡಿಸಲು ಬರುತ್ತವೆ. ಆದರೆ ಅಷ್ಟು ಶಾಖದಲ್ಲಿ ಹತ್ತು ನಿಮಿಷದ ಹೆಚ್ಚುಕಡಿಮೆಯೂ ದೊಡ್ಡ ವ್ಯತ್ಯಾಸ ಮಾಡುತ್ತದೆ, ಮುಚ್ಚಳ ತೆಗೆದು ಪರೀಕ್ಷಿಸುವುದೂ ಕಷ್ಟ. ಸ್ಲೋ ಕುಕ್ಕರಿನಲ್ಲಿ ಅರ್ಧ ಗಂಟೆ ತಡವಾದರೂ ಏನೂ ಕೆಡುವುದಿಲ್ಲ.

ಕೊಡವರ ಪಂದಿ ಕರಿಯ ದಾರಿ ಬೇರೆ. ಅಲ್ಲಿ ಚರ್ಮ, ಕೊಬ್ಬು ಸಹಿತವಾದ ಸಣ್ಣ ತುಂಡುಗಳು ಮೆತ್ತಗಾಗಬೇಕು, ಆದರೆ ಒಡೆಯದೆ ತುಂಡಾಗಿಯೇ ಉಳಿಯಬೇಕು. ಉಪ್ಪಾಗೆ ಜಾತಿಯ ಹಣ್ಣಿನ ರಸವನ್ನು ಕುದಿಸಿ ಬತ್ತಿಸಿದ ಕಪ್ಪು ಕಾಚಂಪುಳಿಯನ್ನು ಸಾಮಾನ್ಯವಾಗಿ ಕೊನೆಯ ಹಂತದಲ್ಲಿ ಸೇರಿಸುತ್ತಾರೆ. ಕೊಬ್ಬಿನ ಜಿಡ್ಡನ್ನು ಹುಳಿಯಿಂದ ಕತ್ತರಿಸುವ ಜಾಣ್ಮೆ ಮಾತ್ರ ಕೊಡಗಿಗೂ ಕ್ಯಾರೊಲಿನಾಕ್ಕೂ ಸಮಾನ, ಮಂಗಳೂರಿನ ಕ್ರೈಸ್ತರ ವಿನೆಗರ್ ಹಾಕಿದ ಡುಕ್ರಾ ಮಾಸ್‌ಗೂ ಅದು ಸಲ್ಲುತ್ತದೆ. ಬತ್ತಿಸಿದ ರಸಕ್ಕೆ ವಿನೆಗರಿನ ಬದಲು ಅರ್ಧ ಚಮಚ ಕಾಚಂಪುಳಿ ಬೆರೆಸಿ ನೋಡಬಹುದು, ಕ್ಯಾರೊಲಿನಾದವರು ಇನ್ನೊಮ್ಮೆ ಮುನಿಸಿಕೊಂಡರೆ ಮುನಿಸಿಕೊಳ್ಳಲಿ.

ಸುರಕ್ಷತೆಯ ಪ್ರಶ್ನೆಗಳು

4ರಿಂದ 60 ಡಿಗ್ರಿಯ ನಡುವಿನ ಉಷ್ಣತೆಯಲ್ಲಿ ಬ್ಯಾಕ್ಟೀರಿಯಾಗಳು ವೇಗವಾಗಿ ಬೆಳೆಯುತ್ತವೆ. ನಿಧಾನದ ಈ ಉಪಕರಣದಲ್ಲಿ ಮಾಂಸ ಆ ವಲಯವನ್ನು ಆದಷ್ಟು ಬೇಗ ದಾಟಬೇಕು. ಅದಕ್ಕಾಗಿ ಫ್ರೀಜರಿನಿಂದ ತೆಗೆದ ಮಂಜುಗಡ್ಡೆಯಂಥ ತುಂಡನ್ನು ನೇರವಾಗಿ ಇಡಬಾರದು, ಫ್ರಿಜ್ಜಿನಲ್ಲಿ ಒಂದು ದಿನವಿಟ್ಟು ಕರಗಿಸಿಕೊಳ್ಳಬೇಕು. ಅಮೆರಿಕದ ಕೃಷಿ ಇಲಾಖೆ 2011ರಿಂದ ಹಂದಿಯ ಇಡೀ ತುಂಡುಗಳಿಗೆ 63 ಡಿಗ್ರಿ ಮತ್ತು ಮೂರು ನಿಮಿಷದ ವಿಶ್ರಾಂತಿಯನ್ನು ಸುರಕ್ಷತೆಯ ಕನಿಷ್ಠ ಮಿತಿಯೆಂದು ಹೇಳುತ್ತದೆ. ಪುಲ್ಡ್ ಪೋರ್ಕ್ ಅದನ್ನು ಎಷ್ಟೋ ಗಂಟೆ ಮೊದಲೇ ದಾಟಿರುತ್ತದೆ.

ನಮ್ಮಲ್ಲಿ ಕರೆಂಟ್ ಹೋಗುವ ಪ್ರಶ್ನೆ ಇದ್ದೇ ಇದೆ. ಮನೆಯಲ್ಲಿರುವಾಗ ಹೋದರೆ ಮಾಂಸವನ್ನು ತಕ್ಷಣ ಗ್ಯಾಸ್ ಒಲೆಗೆ ಬದಲಿಸಿ ಬೇಯಿಸಿ ಮುಗಿಸಬೇಕು. ಹೊರಗೆ ಹೋಗಿದ್ದಾಗ ಕರೆಂಟ್ ಹೋಗಿ ಬಂದಿದ್ದು, ಯಾವಾಗ ಎಷ್ಟು ಹೊತ್ತು ಹೋಗಿತ್ತೆಂದು ತಿಳಿಯದಿದ್ದರೆ, ನೋಡಲು ಬೆಂದಂತಿದ್ದರೂ ಅದನ್ನು ಚೆಲ್ಲುವುದೇ ಸರಿ. ಕೆಲವು ಬ್ಯಾಕ್ಟೀರಿಯಾಗಳು ಉಗುರುಬಿಸಿಯಲ್ಲಿ ಬೆಳೆಯುವಾಗ ಉಳಿಸುವ ವಿಷ ಆಮೇಲೆ ಕುದಿಸಿದರೂ ಹೋಗುವುದಿಲ್ಲ.

ಹಂದಿಮಾಂಸ ತಿಂದರೆ ಮಿದುಳಿಗೆ ಹುಳು ಸೇರುತ್ತದೆ ಎಂಬ ಭಯದಲ್ಲಿ ಎರಡು ವಿಷಯಗಳು ಕಲೆತಿವೆ. ಲಾಡಿಹುಳುವಿನ ಕೋಶಗಳಿರುವ ಮಾಂಸವನ್ನು ಅರೆಬರೆ ಬೇಯಿಸಿ ತಿಂದರೆ ಕರುಳಿನಲ್ಲಿ ಹುಳು ಬೆಳೆಯುತ್ತದೆ. ಮಿದುಳಿನ ಕಾಯಿಲೆ ಬರುವುದು ಆ ಹುಳುವಿನ ಮೊಟ್ಟೆಗಳು ಮನುಷ್ಯರ ಮಲದಿಂದ ನೀರು, ಹಸಿ ತರಕಾರಿ, ತೊಳೆಯದ ಕೈಗಳ ಮೂಲಕ ಹೊಟ್ಟೆ ಸೇರಿದಾಗ, ಹಾಗಾಗಿ ಅದು ಸಸ್ಯಾಹಾರಿಗಳಿಗೂ ಬರುತ್ತದೆ. 90 ಡಿಗ್ರಿಯಲ್ಲಿ ಗಂಟೆಗಟ್ಟಲೆ ಬೆಂದ ಮಾಂಸದಲ್ಲಿ ಕೋಶಗಳು ಉಳಿಯುವುದಿಲ್ಲ.

ಉಳಿದದ್ದನ್ನು ಇಡುವುದು

ಬೆಂದ ಮಾಂಸದಲ್ಲಿಯೂ ಕೆಲವು ಬ್ಯಾಕ್ಟೀರಿಯಾಗಳ ಬೀಜಕಣಗಳು ಬದುಕಿ ಉಳಿದು, ದೊಡ್ಡ ಪಾತ್ರೆಯಲ್ಲಿ ನಿಧಾನವಾಗಿ ಆರುವಾಗ ಮತ್ತೆ ಮೊಳೆಯುತ್ತವೆ. ಆದ್ದರಿಂದ ಉಳಿದದ್ದನ್ನು ಪಿಂಗಾಣಿ ಪಾತ್ರೆಯಲ್ಲೇ ಬಿಡದೆ, ಆಳವಿಲ್ಲದ ಡಬ್ಬಗಳಿಗೆ ಹಂಚಿ ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಬೇಕು. ಅಲ್ಲಿ ಮೂರ್ನಾಲ್ಕು ದಿನ, ರಸದೊಡನೆ ಚಪ್ಪಟೆಯಾಗಿ ಚೀಲಕ್ಕೆ ತುಂಬಿ ಫ್ರೀಜರಿನಲ್ಲಿಟ್ಟರೆ ಎರಡು ಮೂರು ತಿಂಗಳು ಚೆನ್ನಾಗಿರುತ್ತದೆ. ಮತ್ತೆ ಬಿಸಿ ಮಾಡಲು ಸ್ಲೋ ಕುಕ್ಕರ್ ಬಳಸಬಾರದು, ತಣ್ಣನೆಯ ಮಾಂಸ ಅದರಲ್ಲಿ ಅಪಾಯದ ವಲಯದಲ್ಲಿ ಬಹಳ ಹೊತ್ತು ಕಳೆಯುತ್ತದೆ. ಬಾಣಲೆಗೆ ಹಾಕಿ, ಹೆಪ್ಪುಗಟ್ಟಿದ ರಸ ಕರಗಿ ಎಳೆಗಳ ನಡುವೆ ಕುದಿ ಬಂದು ಉಷ್ಣತೆ 74 ಡಿಗ್ರಿ ದಾಟುವವರೆಗೆ ಮಧ್ಯಮ ಉರಿಯಲ್ಲಿ ಬಿಸಿ ಮಾಡಬೇಕು.